ಕ್ಯಾಸೆಟ್ಟಿನ ಮೇಲೆ ‘ಶಕ್ತಿ’ ಎಂದಿತ್ತು, ಅಜ್ಜಿ ದೇವಿಸ್ತುತಿ ಎಂದುಕೊಂಡರು

ಒಂಟಿಕೊಪ್ಪಲು ಹುಡುಗ:

ನಮ್ಮ ಸೋದರಮಾವ ಮೈಸೂರಿನ ರೈಲ್ವೆ ಕಾರ್ಯಾಗಾರದಲ್ಲಿದ್ದರು. ಸಂಬಳದ ಅರ್ಧ ಮನೆಗೆ, ಇನ್ನರ್ಧ ಖಾಲಿ ಕ್ಯಾಸೆಟ್ಟಿಗೆ ಎಂದು ಅಜ್ಜಿ ಗೊಣಗುತ್ತಿದ್ದುದು ನನಗೆ ನೆನಪಿದೆ. ಯಾರದೋ ಮನೆಯ ಎಲ್‌ಪಿ, ಯಾರದೋ ಟೇಪ್ ರೆಕಾರ್ಡರ್, ಇವರ ಅರವತ್ತು ನಿಮಿಷದ ಕ್ಯಾಸೆಟ್ಟು. ಹಾಗೆ ಇಳಿಸಿಕೊಂಡ ಒಂದು ಕ್ಯಾಸೆಟ್ಟಿನ ಬೆನ್ನಿಗೆ ನೀಲಿ ಶಾಯಿಯಲ್ಲಿ ‘ಶಕ್ತಿ’ ಎಂದಷ್ಟೇ ಬರೆದಿಟ್ಟಿದ್ದರು.

ಒಂದು ಆಷಾಢ ಶುಕ್ರವಾರ. ನೂಕುನುಗ್ಗಲಿನಲ್ಲಿ ಬೆಟ್ಟ ಹತ್ತಲಾಗುವುದಿಲ್ಲ ಎಂದು ಅಜ್ಜಿ ಮನೆಯಲ್ಲೇ ನಿಂಬೆಹಣ್ಣಿನ ದೀಪ ಹಚ್ಚಿ, ದೇವಿಯ ಹಾಡಿರಬೇಕೆಂದು ಆ ಕ್ಯಾಸೆಟ್ಟು ಹಾಕಿದರು. ಬಂದದ್ದು ಸ್ತೋತ್ರವಲ್ಲ, ಬಾಯಲ್ಲಿ ಹೇಳುವ ತಾಳದ ಸೊಲ್ಲು, ಜತಿ! ಅದರ ಬೆನ್ನಿಗೇ ಪಿಟೀಲು, ಗಿಟಾರು, ತಬಲ, ಘಟ ಎಲ್ಲವೂ ಒಟ್ಟಿಗೆ ಓಡತೊಡಗಿದವು. ಅಜ್ಜಿ ನಿಲ್ಲಿಸಲಿಲ್ಲ. ಮಂಗಳಾರತಿ ತಟ್ಟೆ ಕೈಯಲ್ಲೇ ಇತ್ತು. “ಇದು ಯಾರ ತನಿ?” ಎಂದು ಕೇಳಿದರು. ಕಛೇರಿಯಲ್ಲಿ ತಾಳವಾದ್ಯದವರು ತಾವೇ ನುಡಿಸುವ ಭಾಗಕ್ಕೆ ತನಿ ಎನ್ನುತ್ತಾರೆ.

ಅದು ಇಂಗ್ಲೆಂಡಿನ ಗಿಟಾರ್ ವಾದಕ ಜಾನ್ ಮೆಕ್‌ಲಾಫ್ಲಿನ್ ಅವರ ಶಕ್ತಿ ತಂಡದ ‘ಎ ಹ್ಯಾಂಡ್‌ಫುಲ್ ಆಫ್ ಬ್ಯೂಟಿ’ ಎಂಬ ಆಲ್ಬಮ್ ಎಂದು ನನಗೆ ಗೊತ್ತಾಗಲು ಇಪ್ಪತ್ತು ವರ್ಷ ಬೇಕಾಯಿತು. ಗೊತ್ತಾದ ದಿನವೇ ಇನ್ನೊಂದು ಪೆಟ್ಟು ಬಿತ್ತು. ನನ್ನ ಕ್ಯಾಸೆಟ್ಟಿನ ಮೊದಲ ಬದಿಯ ಕೊನೆಯಲ್ಲಿ ಬರುವ ವೀಣೆ ಮೂಲ ಆಲ್ಬಮ್ಮಿನಲ್ಲಿ ಇಲ್ಲವೇ ಇಲ್ಲ! ಲೆಕ್ಕ ಹಾಕಿ ನೋಡಿದೆ. ಮೊದಲ ಬದಿಯ ಮೂರು ಕೃತಿಗಳು ಸೇರಿ 25 ನಿಮಿಷಕ್ಕೆ ಸ್ವಲ್ಪ ಕಡಿಮೆ. ಉಳಿದ ಐದು ನಿಮಿಷ ಟೇಪು ಖಾಲಿ ಬಿಡುವುದೆಂದರೆ ಮಾವನಿಗೆ ಅನ್ನ ಚೆಲ್ಲಿದಂತೆ. ಆಕಾಶವಾಣಿಯಿಂದ ಯಾರೋ ವೈಣಿಕರ ತಾನವನ್ನು (ತಾಳವಿಲ್ಲದೆ ಲಯದಲ್ಲಿ ನುಡಿಸುವ ಭಾಗ) ಹಿಡಿದು ಅಲ್ಲಿ ತುಂಬಿಬಿಟ್ಟಿದ್ದಾರೆ. ಹುಡುಗನಾಗಿದ್ದಾಗ ನನಗೆ ಆ ಹೊಲಿಗೆ ಕಾಣಿಸಲೇ ಇಲ್ಲ. ಗಿಟಾರಿನವನೇ ಕೊನೆಗೆ ವೀಣೆ ಹಿಡಿದ ಎಂದುಕೊಂಡಿದ್ದೆ.

ಕಾಣಿಸದೆ ಹೋದದ್ದೇಕೆ ಎಂಬುದು ನನ್ನ ಪ್ರಶ್ನೆ. ಕಿವಿ ಎಳೆಯದಾಗಿತ್ತು ಎಂದು ಮಾತ್ರ ಹೇಳಬೇಡಿ.

ಮಂಡ್ಯದ ಮೃದಂಗ:

ಅಜ್ಜಿ ಕೇಳಿದ ಪ್ರಶ್ನೆಗೆ ಮೊದಲು ಉತ್ತರ ಕೊಡುತ್ತೇನೆ. ತಬಲ ಜಾಕಿರ್ ಹುಸೇನ್, ಘಟ ಟಿ.ಎಚ್. ವಿನಾಯಕರಾಂ, ಪಿಟೀಲು ಎಲ್. ಶಂಕರ್. ಧ್ವನಿಮುದ್ರಣ 1976ರ ಆಗಸ್ಟ್, ಲಂಡನ್ನಿನ ಟ್ರೈಡೆಂಟ್ ಸ್ಟುಡಿಯೊ. ಅದಕ್ಕೆ ಹಿಂದಿನ ಆಲ್ಬಮ್ಮಿನಲ್ಲಿ ರಾಮನಾಡ್ ರಾಘವನ್ ಅವರ ಮೃದಂಗವೂ ಇತ್ತು. ಇದರಲ್ಲಿ ಅವರಿಲ್ಲ. ಮೃದಂಗದವನಾದ ನನಗೆ ಹೊಟ್ಟೆ ಉರಿಯಬೇಕಿತ್ತು, ಆದರೆ ಉರಿಯುವುದಿಲ್ಲ. ಅವರು ಬಿಟ್ಟ ಜಾಗದಲ್ಲಿ ಗಾಳಿ ಆಡುತ್ತದೆ. ಬೇಸ್ ಗಿಟಾರ್ ಇಲ್ಲ, ಡ್ರಮ್ ಸೆಟ್ ಇಲ್ಲ. ವಿನಾಯಕರಾಂ ಮಡಕೆಯ ಬಾಯನ್ನು ಹೊಟ್ಟೆಗೆ ಒತ್ತಿ ತೆಗೆಯುವ ಗುಮ್ಕಿ ಎಂಬ ತಗ್ಗು ನಾದ ಮತ್ತು ಜಾಕಿರ್ ಅವರ ಡಗ್ಗಾ, ಅಂದರೆ ತಬಲ ಜೋಡಿಯ ದಪ್ಪ ಸದ್ದಿನ ವಾದ್ಯ, ಇಡೀ ತಂಡಕ್ಕೆ ತಳಪಾಯ. ಹೆಡ್‌ಫೋನ್ ಹಾಕಿ ಕೇಳಿ. ಮೊಬೈಲಿನ ಪುಟ್ಟ ಸ್ಪೀಕರಿನಲ್ಲಿ ಕೇಳಿದರೆ ಅರ್ಧ ಆಲ್ಬಮ್ಮು ನಷ್ಟ.

ಎಲ್ಲರೂ ಇದನ್ನು ಪೂರ್ವ–ಪಶ್ಚಿಮ ಸಂಗಮ ಎನ್ನುತ್ತಾರೆ. ನನ್ನ ಲೆಕ್ಕದಲ್ಲಿ ಇಲ್ಲಿನ ದೊಡ್ಡ ಸೇತುವೆ ಉತ್ತರ–ದಕ್ಷಿಣದ್ದು. ಆ ಕಾಲಕ್ಕೆ ತಬಲದವರೂ ಘಟದವರೂ ಒಂದೇ ವೇದಿಕೆಯಲ್ಲಿ ಕೂತರೆ ಅದು ಸಾಮಾನ್ಯವಾಗಿ ಜುಗಲ್‌ಬಂದಿ, ಅಂದರೆ ಒಬ್ಬರಾದ ಮೇಲೆ ಒಬ್ಬರು. ಇಲ್ಲಿ ಇಬ್ಬರೂ ಸೇರಿ ಒಂದೇ ವಾದ್ಯವಾಗಿದ್ದಾರೆ.

ಪ್ಯಾಸೆಂಜರ್ ಗಾಡಿ:

ನಾನು ದಿನವೂ ಮೈಸೂರಿನಿಂದ ಮಂಡ್ಯಕ್ಕೆ ರೈಲಿನಲ್ಲಿ ಓಡಾಡುವವನು. ನೀವೆಲ್ಲ ಹೊಗಳುತ್ತೀರೆಂದು ಇವತ್ತು ಹಾಕಿದೆ. ಇದರ ‘ಐಸಿಸ್’ ಎಂಬ ಕೃತಿಯನ್ನು ಪಾಂಡವಪುರ ಬಿಟ್ಟ ಮೇಲೆ ಹಚ್ಚಿದರೆ ಯಲಿಯೂರು ದಾಟಿದರೂ ಮುಗಿಯಲಿಲ್ಲ. ಹದಿನೈದು ನಿಮಿಷ ಸ್ವಾಮಿ! ಅವನು ಓಡಿದ, ಇವನು ಅಟ್ಟಿಸಿಕೊಂಡು ಹೋದ, ಮತ್ತೆ ಅವನು ಓಡಿದ. ಕೈಚಳಕಕ್ಕೆ ಕೈ ಮುಗಿಯುತ್ತೇನೆ. ಆದರೆ ಇದು ಸಂಗೀತವೋ ಸರ್ಕಸ್ಸೋ?

ಸಾರಣಿ:

ಮೂವತ್ತು ವರ್ಷದಿಂದ ವೀಣೆ ಪಾಠ ಹೇಳುತ್ತಿದ್ದೇನೆ, ಮೈಸೂರಿನಲ್ಲೇ. ‘ಫ್ಯೂಷನ್’ ಎಂದರೆ ಎದ್ದು ಹೋಗುವವರ ಪೈಕಿ ನಾನೂ ಒಬ್ಬಳು. ತಂಬೂರಿ ಪಕ್ಕದಲ್ಲಿ ಕೀಬೋರ್ಡ್ ಇಟ್ಟ ಮಾತ್ರಕ್ಕೆ ಏನು ಬೆಸೆಯಿತು? ಆದರೂ ಒಂಟಿಕೊಪ್ಪಲಿನವರ ಪ್ರಶ್ನೆ ಬಿಡಲಿಲ್ಲ. ಕಳೆದ ಮೂರು ದಿನದಿಂದ ಇದನ್ನೇ ಕೇಳುತ್ತಿದ್ದೇನೆ.

ಮೊದಲು ತಕರಾರು. ವೀಣೆಯಲ್ಲಿ ಸ್ವರ ಹಿಡಿಯುವ ಇಪ್ಪತ್ನಾಲ್ಕು ಮೆಟ್ಟಿಲುಗಳನ್ನು ಮೇಣದಲ್ಲಿ ಕೂರಿಸಿರುತ್ತೇವೆ. ಮೇಳ ಕಟ್ಟುವವರು ಕಿವಿಯಿಂದ ಅಳೆದು, ಬಿಸಿ ಮಾಡಿ, ಕೂದಲೆಳೆಯಷ್ಟು ಆಚೀಚೆ ಸರಿಸುತ್ತಾರೆ. ಗಿಟಾರಿನ ಮೆಟ್ಟಿಲು ಮರಕ್ಕೆ ಹೊಡೆದ ತಂತಿ. ಕಾರ್ಖಾನೆಯಲ್ಲಿ ಕೂತದ್ದು ಕೂತಿತು. ಪಿಯಾನೋದ ಗಾಂಧಾರವೇ ಅದರ ಗಾಂಧಾರ. ಇನ್ನು ಗಮಕ, ಅಂದರೆ ಸ್ವರವನ್ನು ಜಾರಿಸಿ ತೂಗಿಸುವುದು. ವೀಣೆಯ ಒಂದೇ ಮೆಟ್ಟಿಲಿನ ಮೇಲೆ ತಂತಿಯನ್ನು ಪಕ್ಕಕ್ಕೆ ಎಳೆದು ಮೂರು ನಾಲ್ಕು ಸ್ವರ ಹತ್ತಿಸಬಹುದು. ಮೆಟ್ಟಿಲು ಎತ್ತರದಲ್ಲಿದೆ, ಬೆರಳಿನ ಕೆಳಗೆ ಮರ ಸಿಗುವುದಿಲ್ಲ. ಗಿಟಾರಿನಲ್ಲಿ ಬೆರಳು ಮರಕ್ಕೆ ತಾಗಿ ನಿಲ್ಲುತ್ತದೆ. ಗಮಕವೇ ಜೀವವಾದ ತೋಡಿ ರಾಗ ನುಡಿಸಿ ನೋಡೋಣ ಎಂದರೆ ಅಲ್ಲಿಗೆ ಮುಗಿಯಿತು.

ಮೆಕ್‌ಲಾಫ್ಲಿನ್ ಇದನ್ನು ಅರಿಯದವರಲ್ಲ. ಅಮೆರಿಕದ ವೆಸ್ಲಿಯನ್ ವಿಶ್ವವಿದ್ಯಾಲಯದಲ್ಲಿ ಎಸ್. ರಾಮನಾಥನ್ ಅವರ ಬಳಿ ವೀಣೆ ಕಲಿತವರು. ರಾಮನಾಥನ್ ಅವರ ಪಾಠವೆಂದರೆ ಶಾಸ್ತ್ರ, ಲಕ್ಷಣ, ಹಾಡುಗಾರಿಕೆ ಎಲ್ಲವೂ ಸೇರಿದ್ದು. ಹಾಗೆ ಕಲಿತವರು ಗಿಟಾರಿಗೆ ಮರಳಿದರೆ ಮೊದಲು ಚುಚ್ಚುವುದು ಆ ಮರವೇ. ಅದಕ್ಕೇ ಅವರು ಮಾಡಿಸಿದ್ದನ್ನು ಕೇಳಿ ನನಗೆ ನಗು ಬಂತು, ಹೊಟ್ಟೆಕಿಚ್ಚಿನ ನಗು. ಮೆಟ್ಟಿಲು ಎತ್ತರಿಸುವ ಬದಲು ಮೆಟ್ಟಿಲುಗಳ ನಡುವಿನ ಮರವನ್ನೇ ದೋಣಿಯ ಹೊಟ್ಟೆಯಂತೆ ಕೆತ್ತಿ ತೆಗೆಸಿದರು. ಫಲ ಒಂದೇ, ಬೆರಳಿಗೆ ತಂತಿ ಮಾತ್ರ ಸಿಗುತ್ತದೆ.

ಆರುತಂತಿ:

ಆ ಗಿಟಾರಿನ ಬಗ್ಗೆ ಸೇರಿಸುತ್ತೇನೆ. ಗಿಬ್ಸನ್ ಕಂಪನಿಯಲ್ಲಿದ್ದ ಅಬ್ರಹಾಂ ವೆಕ್ಟರ್ ಎಂಬ ಕುಶಲಕರ್ಮಿ ಕಟ್ಟಿಕೊಟ್ಟದ್ದು. ಕೆತ್ತಿದ ಮರ ಒಂದು ವಿಶೇಷವಾದರೆ ಎರಡನೆಯದು ಹೆಚ್ಚುವರಿ ಏಳು ತಂತಿ. ಆರು ತಂತಿಗಳ ಅಡಿಯಲ್ಲಿ, ಗಿಟಾರಿನ ಬಾಯಿಯ ಮೇಲೆ ಓರೆಯಾಗಿ ಹಾದುಹೋಗುತ್ತವೆ. ರಾಗಕ್ಕೆ ತಕ್ಕಂತೆ ಶ್ರುತಿ ಮಾಡಿಟ್ಟರೆ ತಾವಾಗಿಯೇ ಅನುರಣಿಸುತ್ತವೆ, ಬೇಕಾದಾಗ ಕೈಯಿಂದ ಸವರಬಹುದು.

ಈ ಮರ ಕೆತ್ತುವ ಹುಚ್ಚು ನನಗೂ ಹಿಡಿದಿತ್ತು. ಮೆಕ್‌ಲಾಫ್ಲಿನ್ ಚಿತ್ರ ನೋಡಿ, ನನ್ನ ಅಗ್ಗದ ಗಿಟಾರು ಹೊತ್ತುಕೊಂಡು ಮಂಡ್ಯದಲ್ಲಿ ಬಾಗಿಲು ಕಿಟಕಿ ಮಾಡುವ ಒಬ್ಬ ಬಡಗಿಯ ಬಳಿ ಹೋದೆ. ಆತ ಗಿಟಾರನ್ನು ಮಗುವಿನಂತೆ ತಿರುಗಿಸಿ ನೋಡಿ, “ಚೆನ್ನಾಗಿದೆಯಲ್ಲ, ಏಕೆ ಕೆಡಿಸುತ್ತೀರಿ?” ಎಂದ. ಸಾಲು ಮೆಟ್ಟಿಲುಗಳಿಗೆ ಇನ್ಸುಲೇಷನ್ ಟೇಪು ಸುತ್ತಿದೆವು, ಲೋಹಕ್ಕೆ ಅರ ತಾಗಬಾರದೆಂದು. ಅರ್ಧ ದುಂಡಗಿನ ಅರ ಹಿಡಿದು ಮೊದಲ ನಾಲ್ಕು ಮನೆಗಳನ್ನು, ಅಂದರೆ ಮೆಟ್ಟಿಲುಗಳ ನಡುವಿನ ಜಾಗಗಳನ್ನು, ಆತ ಕೆತ್ತಿದ. ಅಚ್ಚುಕಟ್ಟಾಗಿತ್ತು. ಮುಂದಿನದನ್ನು ನಾನೇ ಮಾಡುತ್ತೇನೆ ಎಂದು ಹಟ ಹಿಡಿದು ಮನೆಗೆ ತಂದೆ. ಏಳನೆಯ ಮನೆಯಲ್ಲಿ ಆಳ ಹೆಚ್ಚಾಗಿ, ಗುರುತಿಗಾಗಿ ಕೂರಿಸಿದ ಬಿಳಿ ಬೊಟ್ಟು ಕಿತ್ತುಕೊಂಡು ಮಡಿಲಿಗೆ ಬಿತ್ತು. ಅದನ್ನು ಇವತ್ತಿಗೂ ಪರ್ಸಿನಲ್ಲಿ ಇಟ್ಟುಕೊಂಡಿದ್ದೇನೆ, ಅಹಂಕಾರಕ್ಕೆ ಔಷಧಿಯಾಗಿ.

ತಂತಿ ಕಟ್ಟಿ ಹಲವು ಸ್ವರ ಒಟ್ಟಿಗೆ ನುಡಿಯುವ ಒಂದು ಸಾಮಾನ್ಯ ಕಾರ್ಡ್ ಹಿಡಿದೆ. ಅಬ್ಬಾ, ಎಂಥ ಅಪಶ್ರುತಿ! ಕೆಳಗೆ ಮರವಿಲ್ಲದ ಕಾರಣ ಬೆರಳು ಒತ್ತಿದಷ್ಟೂ ತಂತಿ ಕೆಳಕ್ಕೆ ಬಾಗಿ ಶ್ರುತಿ ಮೇಲೇರುತ್ತದೆ. ನನ್ನದು ಕಬ್ಬು ಮುರಿಯುವ ಹಿಡಿತ. ಹದಿನೈದು ದಿನ ಬೆರಳ ತುದಿಯನ್ನು ಹಗುರ ಮಾಡುವುದೇ ಅಭ್ಯಾಸವಾಯಿತು. ಆಮೇಲೆ ಒಂದು ದಿನ ತಂತಿಯನ್ನು ಪಕ್ಕಕ್ಕೆ ತಳ್ಳಿದಾಗ ಸ್ವರ ಎಣ್ಣೆ ಹಚ್ಚಿದಂತೆ ಜಾರಿತು. ಅಂದು ರಾತ್ರಿ ಈ ಆಲ್ಬಮ್ಮಿನ ‘ಇಂಡಿಯಾ’ ಹಾಕಿ ಕೇಳಿದೆ. ಆರಂಭದಲ್ಲಿ ತಾಳವಿಲ್ಲದೆ ನಿಧಾನವಾಗಿ ಅರಳುವ ಭಾಗವಿದೆಯಲ್ಲ, ಅಲ್ಲಿ ಅವರ ಎಡಗೈ ಎಷ್ಟು ಹಗುರವಾಗಿದೆ ಎಂಬುದು ಮೊದಲ ಬಾರಿಗೆ ತಿಳಿಯಿತು. ಅದಕ್ಕೆ ಮೊದಲು ನನಗೆ ಕೇಳುತ್ತಿದ್ದುದು ಬಲಗೈ ಮಾತ್ರ.

ಪ್ಯಾಸೆಂಜರ್ ಗಾಡಿ:

ಬಡಗಿ ಹೇಳಿದ್ದೇ ಸರಿ.

ಹಳೇ ಅಗ್ರಹಾರ:

ಹೆಚ್ಚುವರಿ ತಂತಿ ಎಂದಾಗ ನಮ್ಮವರೇ ನೆನಪಾಗಬೇಕು. ತಿರುಮಕೂಡಲು ನರಸೀಪುರದ ಟಿ. ಚೌಡಯ್ಯನವರು ನಾಲ್ಕು ತಂತಿಯ ಪಿಟೀಲನ್ನು ಏಳು ತಂತಿಯದಾಗಿ ಮಾಡಿಕೊಂಡರು. ಮೈಕ್ ಇಲ್ಲದ ಕಾಲ. ಸಭೆಯ ಹಿಂದಿನ ಸಾಲಿಗೆ ನಾದ ಮುಟ್ಟಬೇಕಿತ್ತು. ಇಂಗ್ಲೆಂಡಿನ ಗಿಟಾರು ಅಮೆರಿಕದಲ್ಲಿ ಏಳು ತಂತಿ ಸೇರಿಸಿಕೊಂಡರೆ ಅದು ಆವಿಷ್ಕಾರ, ನಮ್ಮವರು ಮಾಡಿದರೆ ದಂತಕಥೆ. ಹಾಗೆಯೇ ಜಯಚಾಮರಾಜ ಒಡೆಯರ್ ಅವರು ರಷ್ಯಾದ ಸಂಯೋಜಕ ನಿಕೊಲಾಯ್ ಮೆಟ್ನರ್ ಅವರ ಧ್ವನಿಮುದ್ರಣಕ್ಕೆ ಹಣ ಕೊಟ್ಟು, ಲಂಡನ್ನಿನ ಫಿಲ್‌ಹಾರ್ಮೋನಿಯಾ ಕಾನ್ಸರ್ಟ್ ಸೊಸೈಟಿಗೆ ಮೊದಲ ಅಧ್ಯಕ್ಷರಾಗಿದ್ದರು. ತಾವು ರಚಿಸಿದ್ದು ಮಾತ್ರ ಶ್ರೀವಿದ್ಯಾ ಅಂಕಿತದ ಕೃತಿಗಳನ್ನು! ಎರಡನ್ನೂ ಕಲಸಲಿಲ್ಲ, ಎರಡನ್ನೂ ಬಿಡಲಿಲ್ಲ.

ಮಂಡ್ಯದ ಮೃದಂಗ:

ಮೈಸೂರಿನವರ ಚರ್ಚೆ ಎಲ್ಲಿಂದ ಹೊರಟರೂ ಅರಮನೆಯ ಬಾಗಿಲಿಗೆ ಹೋಗಿ ನಿಲ್ಲುತ್ತದೆ ಎಂದು ನಮ್ಮ ಮಂಡ್ಯದಲ್ಲಿ ಒಂದು ಮಾತಿದೆ. ಈಗ ತಾನೇ ಹುಟ್ಟಿತು.

ಚೌಡಯ್ಯನವರ ತಂತಿ ಸದ್ದು ಹೆಚ್ಚಿಸಲು, ಮೆಕ್‌ಲಾಫ್ಲಿನ್ ಅವರ ತಂತಿ ಮೌನ ತುಂಬಲು. ಉದ್ದೇಶ ಬೇರೆ. ಮೆಕ್‌ಲಾಫ್ಲಿನ್ ಅವರಿಗೆ ಸದ್ದಿನ ಕೊರತೆ ಎಂದೂ ಇರಲಿಲ್ಲ. ಡಾನ್‌ಕಾಸ್ಟರ್‌ನಲ್ಲಿ 1942ರಲ್ಲಿ ಹುಟ್ಟಿ, ಅಮೆರಿಕಕ್ಕೆ ಹೋಗಿ 1969ರಲ್ಲಿ ಜಾಝ್ ಟ್ರಂಪೆಟ್ ವಾದಕ ಮೈಲ್ಸ್ ಡೇವಿಸ್ ಜೊತೆ ನುಡಿಸಿ, ಆಮೇಲೆ ಮಹಾವಿಷ್ಣು ಆರ್ಕೆಸ್ಟ್ರಾ ಕಟ್ಟಿ ಎರಡು ಕತ್ತಿನ ವಿದ್ಯುತ್ ಗಿಟಾರಿನಲ್ಲಿ ಕಿವಿ ತೂತು ಬೀಳುವ ಹಾಗೆ ನುಡಿಸಿದವರು. ಆ ತಂಡದ ‘ಬರ್ಡ್ಸ್ ಆಫ್ ಫೈರ್’ 18 ಎಣಿಕೆಯ ಆವರ್ತದಲ್ಲಿದೆ. ಇಷ್ಟೆಲ್ಲ ಹೆಸರು ಬಂದ ಮೇಲೆ ಪ್ಲಗ್ ಕಿತ್ತು, ಚಕ್ಕಂಬಟ್ಟಲೆ ಹಾಕಿ ಕೂತರು. ರೆಕಾರ್ಡು ಮಾರಾಟದ ದೃಷ್ಟಿಯಿಂದ ನೋಡಿದರೆ ಇದು ತಾನೇ ಬೆಳೆಸಿದ ತೋಟಕ್ಕೆ ದನ ಬಿಟ್ಟ ಹಾಗೆ.

ಇನ್ನು ಸರ್ಕಸ್ಸಿನ ವಿಚಾರ. ಪ್ಯಾಸೆಂಜರ್ ಗಾಡಿಯವರೇ, ಒಂದು ಸಣ್ಣ ಲೆಕ್ಕ ಕೊಡುತ್ತೇನೆ, ರೈಲಿನಲ್ಲಿ ತೊಡೆ ತಟ್ಟಿ ನೋಡಿ. ಆದಿತಾಳದ ಒಂದು ಆವರ್ತ, ಅಂದರೆ ಒಂದು ಸುತ್ತು, ಎಂಟು ಎಣಿಕೆ. ಎಣಿಕೆಗೆ ನಾಲ್ಕು ಮಾತ್ರೆ ಹಿಡಿದರೆ 32, ಅರ್ಧ ಆವರ್ತಕ್ಕೆ 16. ‘ತದಿಗಿಣತೊಂ’ ಐದು ಮಾತ್ರೆ, ಮೂರು ಸಲ ಹೇಳಿದರೆ 15. ಈಗ ಆವರ್ತದ ಎರಡನೆಯ ಅರ್ಧದಲ್ಲಿ ಒಂದು ಮಾತ್ರೆ ಸುಮ್ಮನಿದ್ದು ಹೊರಡಿ. ಮೂರನೆಯ ತೊಂ ಮುಗಿದು ಮುಂದಿನ ಪೆಟ್ಟು ಸರಿಯಾಗಿ ಸಮಕ್ಕೆ, ಅಂದರೆ ಹೊಸ ಆವರ್ತದ ಮೊದಲ ಎಣಿಕೆಗೆ, ಬೀಳುತ್ತದೆ. ಸುಮ್ಮನಿದ್ದ ಆ ಒಂದು ಮಾತ್ರೆಯಲ್ಲೇ ಇರುವುದು ಮಜಾ. ಕೇಳುಗ ದಾರಿ ತಪ್ಪುತ್ತಾನೆ, ಮೂರು ಹೆಜ್ಜೆ ಕುರುಡನಂತೆ ನಡೆಯುತ್ತಾನೆ, ಮನೆ ಬಾಗಿಲಲ್ಲೇ ಕಣ್ಣು ಬಿಡುತ್ತಾನೆ.

ಈ ಆಲ್ಬಮ್ಮಿನಲ್ಲಿ ಗಿಟಾರು ಪಿಟೀಲು ಒಟ್ಟಿಗೆ ಓಡಿ ಥಟ್ಟನೆ ನಿಲ್ಲುವ ಜಾಗಗಳ ಹಿಂದೆ ಈ ಜಾತಿಯ ಲೆಕ್ಕವಿದೆ. ಜಾಝ್ ಹಿನ್ನೆಲೆಯವರು ತಾಳದ ಜೊತೆ ನುಡಿಸುತ್ತಾರೆ, ಇವರು ಮುಕ್ತಾಯವನ್ನು ನುಡಿಸಲು ಕಲಿತರು. ಮೆಕ್‌ಲಾಫ್ಲಿನ್ ಮುಂದೆ ವಿನಾಯಕರಾಂ ಅವರ ಮಗ ಸೆಲ್ವಗಣೇಶ್ ಜೊತೆ ಸೇರಿ ಕೊನ್ನಕ್ಕೋಲ್ ಪಾಠದ ಡಿವಿಡಿಯನ್ನೇ ಮಾಡಿದರು. ಗಿಟಾರಿನವರೊಬ್ಬರು ಬಾಯಿ ಜತಿಗೆ ಇಷ್ಟು ಮರ್ಯಾದೆ ಕೊಟ್ಟಿದ್ದಾರೆ. ನಮ್ಮ ಕಛೇರಿಗಳಲ್ಲಿ ತನಿ ಶುರುವಾದೊಡನೆ ಕಾಫಿಗೆ ಏಳುವವರು ಇದನ್ನು ಓದಬೇಕು.

ಪ್ಯಾಸೆಂಜರ್ ಗಾಡಿ:

ತೊಡೆ ತಟ್ಟಿದೆ. ಪಕ್ಕದಲ್ಲಿದ್ದವರು ಎದ್ದು ಬೇರೆ ಸೀಟಿಗೆ ಹೋದರು. ಆದರೆ ಲೆಕ್ಕ ಕೂತಿತು, ಒಪ್ಪಿದೆ. ‘ಐಸಿಸ್’ ಉದ್ದ ಎಂಬ ನನ್ನ ಮಾತನ್ನು ಮಾತ್ರ ವಾಪಸು ಪಡೆಯುವುದಿಲ್ಲ. ಕೊನೆಯ ‘ಟೂ ಸಿಸ್ಟರ್ಸ್’ ಇಷ್ಟವಾಯಿತು, ಅದರಲ್ಲಿ ಯಾರಿಗೂ ಯಾರನ್ನೂ ಸೋಲಿಸಬೇಕಾಗಿಲ್ಲ. ಹೊಸದಾಗಿ ಕೇಳುವವರು ಎಲ್ಲಿಂದ ಶುರು ಮಾಡಬೇಕು?

ಆರುತಂತಿ:

ಮೊದಲು ಇದು. ನಂತರ 1977ರ ‘ನ್ಯಾಚುರಲ್ ಎಲಿಮೆಂಟ್ಸ್’, ಅದರಲ್ಲಿ ಚಿಕ್ಕ ಚಿಕ್ಕ ಕೃತಿಗಳಿವೆ, ನಿಮ್ಮ ಗಾಡಿಗೆ ಹೊಂದುತ್ತದೆ. ‘ಶಕ್ತಿ’ ಎಂಬ ಹೆಸರಿನದೇ ಆದ ಮೊದಲ ಆಲ್ಬಮ್ಮನ್ನು ಆಮೇಲೆ ಕೇಳಿ. ಅದು ಸ್ಟುಡಿಯೊದ್ದಲ್ಲ, 1975ರ ಜುಲೈಯಲ್ಲಿ ಅಮೆರಿಕದ ಲಾಂಗ್ ಐಲೆಂಡ್‌ನ ಕಾಲೇಜೊಂದರಲ್ಲಿ ನಡೆದ ಕಛೇರಿ. ಅಲ್ಲಿ ಉಸಿರು ಬಿಡಲು ಬಿಡುವುದಿಲ್ಲ. 2023ರ ‘ದಿಸ್ ಮೊಮೆಂಟ್’ ಗ್ರ್ಯಾಮಿ ಪಡೆದದ್ದು, ಶಂಕರ್ ಮಹದೇವನ್ ಹಾಡಿದ್ದಾರೆ. ನನಗೆ ಅದು ತುಸು ನುಣುಪಾಯಿತು. ಹಳೆಯದರಲ್ಲಿ ಉಗುರು ತಾಗುವ ಸದ್ದೂ ಕೇಳುತ್ತಿತ್ತು.

2024ರ ಡಿಸೆಂಬರ್ 15ರಂದು ಜಾಕಿರ್ ಹುಸೇನ್ ತೀರಿಕೊಂಡ ಸುದ್ದಿ ಬಂದ ರಾತ್ರಿ ನಾನು ಹಾಕಿದ್ದು ಮಾತ್ರ ಈ 1976ರದ್ದೇ. ಇಪ್ಪತ್ತೈದು ವರ್ಷದ ಹುಡುಗ ನುಡಿಸಿದ್ದು ಅದು.

ಸಾರಣಿ:

ಒಂಟಿಕೊಪ್ಪಲಿನವರೇ, ಆ ವೀಣೆಯ ತುಣುಕನ್ನು ಕಳಿಸಿದ್ದಕ್ಕೆ ವಂದನೆ. ಟೇಪು ಸವೆದಿದೆ, ಆದರೂ ನುಡಿಸಿದವರ ಕೈ ಮೈಸೂರು ಬಾನಿಯದು, ಅಂದರೆ ಮೈಸೂರು ಶೈಲಿಯದು, ಎನ್ನಲು ಎರಡು ನಿಮಿಷ ಸಾಕಾಯಿತು. ನಿಮ್ಮ ಪ್ರಶ್ನೆಗೂ ಅಲ್ಲೇ ಉತ್ತರ ಸಿಕ್ಕಿತು ಎನಿಸುತ್ತದೆ.

ತಂಜಾವೂರು ಬಾನಿಯಲ್ಲಿ ಒಮ್ಮೆ ಮೀಟಿ, ಆ ನಾದ ಆರುವ ಮೊದಲು ಎಡಗೈಯಿಂದ ಎಳೆದು ಹಲವು ಸ್ವರ ತೆಗೆಯುತ್ತಾರೆ. ಹಾಡುವ ಕಂಠವನ್ನು ಹಿಂಬಾಲಿಸುವ ದಾರಿ ಅದು. ವೀಣೆ ಶೇಷಣ್ಣನವರಿಂದ ಬಂದ ನಮ್ಮ ಮೈಸೂರಿನ ದಾರಿಯಲ್ಲಿ ಮೀಟಿಗೆ ಮೊದಲ ಮಣೆ. ಸ್ವರ ಸ್ವರವೂ ಬಿಡಿಸಿಟ್ಟ ದಾಳಿಂಬೆ ಕಾಳಿನಂತೆ ಇರಬೇಕು. ತೋರುಬೆರಳು ನಡುಬೆರಳು ಬೇರೆಬೇರೆಯಾಗಿ ಓಡಾಡಬೇಕು. ತಾನದಲ್ಲಿ ಅದರ ಸೊಗಸು ನೋಡಬೇಕು, ತಾಳವಿಲ್ಲದಿದ್ದರೂ ಲಯ ಕುದುರೆಯಂತೆ ನಡೆಯುತ್ತಿರುತ್ತದೆ.

ಈಗ ‘ಇಂಡಿಯಾ’ದ ಕೊನೆಯ ಭಾಗ ಕೇಳಿ. ಗಿಟಾರಿನವರು ಪ್ರತಿ ಸ್ವರವನ್ನೂ ಮೀಟುತ್ತಾರೆ, ಎಳೆದು ತೆಗೆಯುವುದನ್ನು ಬಹುಪಾಲು ಪಕ್ಕದ ಪಿಟೀಲಿಗೆ ಬಿಟ್ಟುಕೊಟ್ಟಿದ್ದಾರೆ. ಎಲ್. ಶಂಕರ್ ಅವರು ವಿ. ಲಕ್ಷ್ಮೀನಾರಾಯಣ ಅವರ ಮಗ, ಎಲ್. ಸುಬ್ರಹ್ಮಣ್ಯಂ ಅವರ ತಮ್ಮ. ಗಮಕ ಅವರ ಮನೆಯ ಸೊತ್ತು. ತನಗೆ ಸಾಧ್ಯವಾಗದ್ದನ್ನು ಇನ್ನೊಬ್ಬರಿಗೆ ಬಿಟ್ಟುಕೊಟ್ಟ ಈ ವಿವೇಕ ನನಗೆ ಅವರ ವೇಗಕ್ಕಿಂತ ದೊಡ್ಡದಾಗಿ ಕಂಡಿತು. ಆ ಏಳು ತಂತಿಗಳನ್ನು ನಡುನಡುವೆ ಸವರುವುದಂತೂ ನಾವು ಕಿರುಬೆರಳಿನಲ್ಲಿ ತಾಳದ ತಂತಿ ಮೀಟುವ ಹಾಗೆಯೇ ಇದೆ. ಹೀಗೆ ಬಂದ ಕಿವಿಗೆ ಮೈಸೂರಿನ ತಾನ ಸಿಕ್ಕರೆ ಹೊಲಿಗೆ ಎಲ್ಲಿ ಕಾಣುತ್ತದೆ? ನಿಮ್ಮ ಮಾವ ಬೇರೆ ಯಾವುದೋ ಬಾನಿಯ ಆಲಾಪನೆ ತುಂಬಿದ್ದರೆ ನೀವು ಹುಡುಗನಾಗಿದ್ದಾಗಲೇ ಹಿಡಿಯುತ್ತಿದ್ದಿರಿ.

‘ಕೃತಿ’ ಎಂದು ಹೆಸರಿಟ್ಟ ಮೂರು ನಿಮಿಷದ ತುಣುಕಿನ ಬಗ್ಗೆ ನನ್ನ ಜಗಳ ಉಳಿದೇ ಇದೆ. ಅಷ್ಟು ಅವಸರವಿದ್ದರೆ ಬೇರೆ ಹೆಸರು ಇಡಬಹುದಿತ್ತು.

ಹಳೇ ಅಗ್ರಹಾರ:

ಅಂದರೆ ಮೆಕ್‌ಲಾಫ್ಲಿನ್ ಗೊತ್ತಿಲ್ಲದೆಯೇ ಮೈಸೂರಿನವರಾದರು ಎನ್ನಿ.

ಸಾರಣಿ:

ಹಾಗೆ ನಾನು ಹೇಳಲಿಲ್ಲ. ಅವರ ಗುರುಗಳು ತಮಿಳುನಾಡಿನವರು, ಅವರ ಬಲಗೈ ಜಾಝ್‌ನಿಂದ ಬಂದದ್ದು. ಸದ್ದು ಹತ್ತಿರ ಬಂತು, ಅಷ್ಟೇ. ಪಟ್ಟ ಕಟ್ಟಬೇಡಿ.

ಮಂಡ್ಯದ ಮೃದಂಗ:

ಹತ್ತಿರದವರೇ ಬೇಕಿದ್ದರೆ ಬೆಂಗಳೂರಿನಲ್ಲಿದ್ದಾರೆ. ಟಿ.ಎ.ಎಸ್. ಮಣಿ ಮತ್ತು ಆರ್.ಎ. ರಮಾಮಣಿ ಅವರ ಕರ್ನಾಟಕ ಕಾಲೇಜ್ ಆಫ್ ಪರ್ಕಷನ್ ತಂಡ ಸ್ಯಾಕ್ಸೊಫೋನಿನ ಚಾರ್ಲಿ ಮರಿಯಾನೊ ಜೊತೆ ‘ಜ್ಯೋತಿ’ ಎಂಬ ಆಲ್ಬಮ್ ಮಾಡಿದೆ, 1983ರದ್ದು. ಅದಕ್ಕೆ ಬೇರೆಯದೇ ಚರ್ಚೆ ಬೇಕು. ಘಟದ ಆಸೆಯುಳ್ಳವರು ವಿನಾಯಕರಾಂ ಅವರ ಶಿಷ್ಯೆ ಸುಕನ್ಯಾ ರಾಮಗೋಪಾಲ್ ಅವರನ್ನು ಕೇಳಿ, ಅವರೂ ಬೆಂಗಳೂರಿನಲ್ಲೇ ನೆಲೆಸಿದವರು.

ಒಂಟಿಕೊಪ್ಪಲು ಹುಡುಗ:

ಎಲ್ಲರ ಉತ್ತರವನ್ನೂ ಓದಿ ನಿನ್ನೆ ಭಾನುವಾರ ಅಜ್ಜಿಯ ಬಳಿಗೆ ಹೋದೆ. ಈಗ ತೊಂಬತ್ತು ದಾಟಿದೆ. ಎಂಟನೇ ಕ್ರಾಸಿನ ಗಣಪತಿ ಕಛೇರಿಗಳಿಗೆ ಮೊದಲ ಸಾಲಿನಲ್ಲಿ ಕೂರುತ್ತಿದ್ದವರು, ಈಗ ಹಾಲಿನಲ್ಲೇ ಕುರ್ಚಿ. ಮಾವ ಇಲ್ಲ, ಟೇಪ್ ರೆಕಾರ್ಡರ್ ಕೆಟ್ಟು ಕೂತಿದೆ. ಮೊಬೈಲಿಗೆ ಒಂದು ಒಳ್ಳೆಯ ಸ್ಪೀಕರ್ ಸಿಕ್ಕಿಸಿ ಆಲ್ಬಮ್ ಹಾಕಿದೆ.

ಜತಿ ಶುರುವಾಗುತ್ತಿದ್ದಂತೆ ಅಜ್ಜಿಯ ಬಲಗೈ ತೊಡೆಯ ಮೇಲೆ ಬಂತು. ಕಿರುಬೆರಳು, ಉಂಗುರದ ಬೆರಳು, ನಡುಬೆರಳು. ಒಂದು ಕಡೆ ಎಣಿಕೆ ತಪ್ಪಿತು, ಕೈ ಗಾಳಿಯಲ್ಲೇ ನಿಂತಿತು. “ಇವರು ಎಲ್ಲಿಗೆ ಬಂದರು?” ಎಂದು ನನ್ನನ್ನೇ ಕೇಳಿದರು. ಮಂಡ್ಯದವರ ಒಂದು ಮಾತ್ರೆಯ ವಿಚಾರ ಹೇಳಲು ಹೋದೆ, ಸುಮ್ಮನಿರು ಎಂದು ಕೈ ಮಾಡಿದರು. ಎರಡನೆಯದೂ ಮುಗಿಯಿತು. ‘ಇಂಡಿಯಾ’ ಹನ್ನೆರಡೂವರೆ ನಿಮಿಷ ಕಣ್ಣು ಮುಚ್ಚಿ ಕೇಳಿದರು, ನಿದ್ದೆ ಹೋದರೇನೋ ಎಂದುಕೊಂಡೆ. ಮುಗಿದೊಡನೆ ಮೊಬೈಲು ತಾನಾಗಿಯೇ ‘ಕೃತಿ’ಗೆ ಹಾರಿತು.

ಅಜ್ಜಿ ಕಣ್ಣು ಬಿಟ್ಟರು.

“ಇದಲ್ಲ. ಈಗ ವೀಣೆ ಬರಬೇಕು.”